ಆಟಗಾರನಿಂದ ಗುರುವಿನವರೆಗೆ: ಬೆಂಗಳೂರಿನ ಫುಟ್‌ಬಾಲ್ ಪರಂಪರೆಯಲ್ಲಿ ಕಾರ್ಲ್‌ಟನ್ ಚಾಪ್‌ಮನ್

ಹಾನಗಲ್ಲು ತಾಲ್ಲೂಕಿನ ಆಡೂರಿನಲ್ಲಿ ದೊರೆತಿರುವ, ಬಾದಾಮಿ ಚಾಲುಕ್ಯ ಕೀರ್ತಿವರ್ಮನ ಹೆಸರನ್ನುಳ್ಳ ಶಾಸನವು ಕರ್ನಾಟಕದ ಇತಿಹಾಸ ಸಂಶೋಧಕರಿಗೆ ಸುಪರಿಚಿತವಾದುದು. ಜಿನಾಲಯಕ್ಕೆ ಬಿಟ್ಟ ದತ್ತಿಯನ್ನು ಕುರಿತ ಈ ಶಾಸನವು ದತ್ತಿ ಕೊಟ್ಟವರನ್ನು ಮಾತ್ರವಲ್ಲದೆ ಅದನ್ನು ಪಡೆದ ಗುರುವನ್ನೂ ಆತನ ಗುರುಪರಂಪರೆಯನ್ನೂ ದಾಖಲಿಸುತ್ತದೆ. ವಿದ್ಯೆ ಯಾರಿಂದ ಯಾರಿಗೆ ಬಂದಿತೆಂಬುದನ್ನು ಕಲ್ಲಿನಲ್ಲಿ ಬರೆಸುವುದು ಅಂದಿನವರಿಗೆ ಅವಶ್ಯವೆಂದು ತೋರಿತ್ತು. ಆಧುನಿಕ ಕ್ರೀಡೆಯ ದಾಖಲೆಗಳಲ್ಲಿ ಇಂತಹ ಎಚ್ಚರ ವಿರಳ. ಗೋಲು ಹೊಡೆದವನ ಹೆಸರು ಮರುದಿನದ ಪತ್ರಿಕೆಯಲ್ಲಿ ಅಚ್ಚಾಗುತ್ತದೆ. ಚೆಂಡನ್ನು ಹಿಡಿತದಲ್ಲಿರಿಸಿಕೊಳ್ಳುವ ಬಗೆಯನ್ನು ಆತನಿಗೆ ಬಾಲ್ಯದಲ್ಲಿ ಕಲಿಸಿದವನ ಹೆಸರು ಎಲ್ಲಿಯೂ ಅಚ್ಚಾಗುವುದಿಲ್ಲ.

ಈ ಕೊರತೆಯನ್ನು ಮನಗಾಣಲು ಬೆಂಗಳೂರಿನ ಫುಟ್‌ಬಾಲ್ ಆಟಗಾರ ಕಾರ್ಲ್‌ಟನ್ ಚಾಪ್‌ಮನ್ (1971–2020) ಅವರ ಬದುಕು ಉತ್ತಮ ನಿದರ್ಶನವಾಗಿದೆ. ಭಾರತ ತಂಡದ ನಾಯಕರಾಗಿದ್ದ ಅವರು 2001ರಲ್ಲಿ ಆಟದಿಂದ ನಿವೃತ್ತರಾಗಿ, ಮುಂದಿನ ವರ್ಷದಿಂದ ತರಬೇತುದಾರರಾಗಿ ದುಡಿದರು. ಅವರ ಆಟದ ವರ್ಷಗಳು ಬಹುಮಟ್ಟಿಗೆ ದಾಖಲೆಗೊಂಡಿವೆ. ಬೋಧನೆಯ ವರ್ಷಗಳು ಹೆಸರು ಮತ್ತು ಊರುಗಳ ಒಂದು ಚಿಕ್ಕ ಪಟ್ಟಿಯಾಗಿ ಮಾತ್ರ ಉಳಿದಿವೆ. ಆಟಗಾರನು ತರಬೇತುದಾರನಾಗುವ ಈ ಪರಿವರ್ತನೆಯನ್ನು ಬೆಂಗಳೂರಿನ ಫುಟ್‌ಬಾಲ್ ಪರಂಪರೆಯ ಹಿನ್ನೆಲೆಯಲ್ಲಿ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ದಂಡು ಪ್ರದೇಶದ ಆಟ

ಬೆಂಗಳೂರಿನಲ್ಲಿ ಫುಟ್‌ಬಾಲ್ ಬೇರೂರಿದುದು ಪೇಟೆಯಲ್ಲಲ್ಲ, ದಂಡು ಪ್ರದೇಶದಲ್ಲಿ. 1809ರಲ್ಲಿ ಸ್ಥಾಪಿತವಾದ ಬ್ರಿಟಿಷರ ಸೇನಾನೆಲೆಯ ಸುತ್ತಲೂ ಕಾಲಕ್ರಮದಲ್ಲಿ ಹಲಸೂರು, ಆಸ್ಟಿನ್ ಟೌನ್, ಮರ್ಫಿ ಟೌನ್, ಕಾಕ್ಸ್ ಟೌನ್, ಶಿವಾಜಿನಗರ ಮುಂತಾದ ಬಡಾವಣೆಗಳು ಬೆಳೆದವು. ಸೈನಿಕರು ಆಡುತ್ತಿದ್ದ ಆಟವನ್ನು ಅವರ ಬಳಿ ಕೆಲಸಕ್ಕಿದ್ದವರ ಮಕ್ಕಳು ಮೊದಲು ಮೈದಾನದ ಅಂಚಿನಲ್ಲಿ ನಿಂತು ನೋಡಿದರು, ಅನಂತರ ತಮ್ಮ ಓಣಿಗಳಲ್ಲಿ ಆಡತೊಡಗಿದರು. ತಮಿಳು, ಉರ್ದು, ತೆಲುಗು, ಇಂಗ್ಲಿಷ್ ಮತ್ತು ಕನ್ನಡ ಮಾತನಾಡುವ ಜನರು ಬೆರೆತು ಬಾಳಿದ ಈ ಬಡಾವಣೆಗಳಲ್ಲಿ ಫುಟ್‌ಬಾಲ್ ಎಲ್ಲರಿಗೂ ಸಮಾನವಾದ ಭಾಷೆಯಾಯಿತು. ಹಲಸೂರಿನ ಸಮೀಪದ ಗೌತಮಪುರದಲ್ಲಿ ಬ್ರೆಜಿಲಿನ ಆಟಗಾರ ಪೆಲೆಯ ಪ್ರತಿಮೆಯನ್ನು ಸ್ಥಳೀಯರು ನಿಲ್ಲಿಸಿಕೊಂಡಿರುವುದು ಈ ಒಲವಿನ ಆಳಕ್ಕೆ ಸಾಕ್ಷಿಯಾಗಿದೆ.

ದಂಡು ಪ್ರದೇಶದ ಆಡಳಿತವು ಮೈಸೂರು ಸಂಸ್ಥಾನಕ್ಕೆ ಮರಳಿದುದು 1947ರಲ್ಲಿ. ಪೇಟೆ ಮತ್ತು ದಂಡಿನ ಪುರಸಭೆಗಳು ಒಂದುಗೂಡಿ ಬೆಂಗಳೂರು ನಗರಪಾಲಿಕೆಯಾದುದು 1949ರಲ್ಲಿ. ಆಡಳಿತ ಒಂದಾದರೂ ಸಾಂಸ್ಕೃತಿಕ ಚರಿತ್ರೆಯ ಬರವಣಿಗೆಯಲ್ಲಿ ಈ ಎರಡು ಭಾಗಗಳ ನಡುವಣ ಅಂತರ ಬಹುಕಾಲ ಉಳಿಯಿತು. ಆಸ್ಟಿನ್ ಟೌನಿಗೆ ಕನ್ನಡದ ನಿಘಂಟುಕಾರ ಎಫ್. ಕಿಟ್ಟೆಲ್ಲರ ಹೆಸರನ್ನು ಅಧಿಕೃತವಾಗಿ ಇಡಲಾಗಿದೆಯಾದರೂ ಅಲ್ಲಿನ ಮೈದಾನಗಳ ಚರಿತ್ರೆ ಕನ್ನಡದಲ್ಲಿ ವಿಸ್ತಾರವಾಗಿ ನಿರೂಪಿತವಾಗಿಲ್ಲ. ನಾಡಿನ ಕ್ರೀಡಾಚರಿತ್ರೆಯಲ್ಲಿ ಕುಸ್ತಿ, ಕಬಡ್ಡಿ, ಕೊಕ್ಕೊ ಆಟಗಳಿಗೆ ಸಹಜವಾಗಿ ದೊರೆತ ಸ್ಥಾನ ದಂಡಿನ ಈ ಆಟಕ್ಕೆ ದೊರೆಯದಿದ್ದುದಕ್ಕೆ ಇದೂ ಒಂದು ಕಾರಣವೆನ್ನಬಹುದು.

ಸಾಧನೆಯ ದೃಷ್ಟಿಯಿಂದ ಈ ನಿರ್ಲಕ್ಷ್ಯಕ್ಕೆ ಸಮರ್ಥನೆಯಿಲ್ಲ. ಮುಂಬಯಿಯ ರೋವರ್ಸ್ ಕಪ್ಪನ್ನು ಬ್ರಿಟಿಷ್ ಸೇನಾ ತಂಡಗಳ ಕೈಯಿಂದ ಬಿಡಿಸಿಕೊಂಡ ಮೊದಲ ಭಾರತೀಯ ತಂಡ ಬೆಂಗಳೂರು ಮುಸ್ಲಿಮ್ಸ್. ಅದು 1937ರಲ್ಲಿ ಪ್ರಶಸ್ತಿ ಗೆದ್ದು 1938ರಲ್ಲಿ ಅದನ್ನು ಉಳಿಸಿಕೊಂಡಿತು. ರಾಜ್ಯ ತಂಡಗಳ ನಡುವಣ ಸಂತೋಷ್ ಟ್ರೋಫಿಯನ್ನು ಮೈಸೂರು 1946 ಮತ್ತು 1952ರಲ್ಲಿಯೂ, 1967–68 ಮತ್ತು 1968–69ರ ಋತುಗಳಲ್ಲಿಯೂ ತನ್ನದಾಗಿಸಿಕೊಂಡಿತು. 1948ರ ಲಂಡನ್ ಒಲಿಂಪಿಕ್ ಕ್ರೀಡಾಕೂಟದಲ್ಲಿ ಫ್ರಾನ್ಸಿನ ವಿರುದ್ಧ ಭಾರತ 1–2ರಿಂದ ಸೋತ ಪಂದ್ಯದಲ್ಲಿ ಭಾರತದ ಏಕೈಕ ಗೋಲನ್ನು, ಒಲಿಂಪಿಕ್ ಕ್ರೀಡೆಯಲ್ಲಿ ಭಾರತದ ಮೊದಲ ಗೋಲನ್ನು, ಗಳಿಸಿದವರು ಬೆಂಗಳೂರಿನ ಸಾರಂಗಪಾಣಿ ರಾಮನ್. ಅದೇ ತಂಡದಲ್ಲಿದ್ದ ಬೆಂಗಳೂರಿನ ಅಹಮದ್ ಖಾನ್ ಮುಂದೆ ಕಲ್ಕತ್ತೆಯ ಈಸ್ಟ್ ಬೆಂಗಾಲ್ ಕ್ಲಬ್ಬಿನ 'ಪಂಚಪಾಂಡವ'ರೆಂದು ಪ್ರಸಿದ್ಧರಾದ ಐವರು ಮುಂಚೂಣಿ ಆಟಗಾರರಲ್ಲಿ ಒಬ್ಬರಾದರು. 1956ರ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ನಾಲ್ಕನೆಯ ಸ್ಥಾನ ಪಡೆದ ಭಾರತ ತಂಡದಲ್ಲಿ ಎಂ. ಕೆಂಪಯ್ಯ ಇದ್ದರು. 1962ರ ಜಕಾರ್ತ ಏಷ್ಯನ್ ಕ್ರೀಡಾಕೂಟದ ಚಿನ್ನದ ಪದಕ ವಿಜೇತ ತಂಡದಲ್ಲಿ ಅರುಮೈನಾಯಗಂ ಇದ್ದರು.

ಈ ಹೆಸರುಗಳಲ್ಲಿ ಒಂದು ಸಮಾನ ಅಂಶ ಗಮನಾರ್ಹವಾಗಿದೆ. ಅಹಮದ್ ಖಾನ್, ಕೆಂಪಯ್ಯ, ಅರುಮೈನಾಯಗಂ ಈ ಮೂವರೂ ಕೀರ್ತಿ ಗಳಿಸಿದುದು ಕಲ್ಕತ್ತೆಯ ಕ್ಲಬ್ಬುಗಳಲ್ಲಿ. 1934ರಿಂದ 1938ರವರೆಗೆ ಸತತ ಐದು ವರ್ಷ ಕಲ್ಕತ್ತಾ ಲೀಗನ್ನು ಗೆದ್ದ ಮಹಮದನ್ ಸ್ಪೋರ್ಟಿಂಗ್ ತಂಡವೂ ಬೆಂಗಳೂರಿನ ಆಟಗಾರರನ್ನು ಕರೆಸಿಕೊಂಡಿತ್ತು. ಆಟಗಾರರನ್ನು ಬೆಳೆಸುವುದು ಬೆಂಗಳೂರು, ಬಳಸಿಕೊಳ್ಳುವುದು ಕಲ್ಕತ್ತೆ ಎಂಬ ಪದ್ಧತಿ ಸ್ವಾತಂತ್ರ್ಯಪೂರ್ವದಲ್ಲಿಯೇ ರೂಢಿಗೆ ಬಂದಿತ್ತು.

ಕಾರ್ಖಾನೆಯ ಆಶ್ರಯ

ಊರು ಬಿಡಲು ಒಪ್ಪದ ಅಥವಾ ಅವಕಾಶ ದೊರೆಯದ ಆಟಗಾರರಿಗೆ ಬೆಂಗಳೂರಿನಲ್ಲಿ ಬೇರೊಂದು ಆಶ್ರಯವಿತ್ತು. 1940ರಲ್ಲಿ ಆರಂಭವಾದ ಹಿಂದೂಸ್ತಾನ್ ವಿಮಾನ ಕಾರ್ಖಾನೆ (ಎಚ್‌ಎಎಲ್), 1948ರ ದೂರವಾಣಿ ಕಾರ್ಖಾನೆ (ಐಟಿಐ) ಮೊದಲಾದ ಸಾರ್ವಜನಿಕ ರಂಗದ ಉದ್ದಿಮೆಗಳು ಕ್ರೀಡಾಪಟುಗಳಿಗೆ ಉದ್ಯೋಗ ನೀಡಿ ತಂಡಗಳನ್ನು ಕಟ್ಟಿದವು. ಸೇನೆಯ ಘಟಕಗಳ ತಂಡಗಳೂ ಇದ್ದವು. ಕಾರ್ಖಾನೆಯ ತಂಡದ ಆಟಗಾರನಿಗೆ ಫುಟ್‌ಬಾಲ್ ಉದ್ಯೋಗವಾಗಿರಲಿಲ್ಲ, ಉದ್ಯೋಗಕ್ಕೆ ದಾರಿಯಾಗಿತ್ತು. ಮೂವತ್ತೈದರ ವಯಸ್ಸಿಗೆ ಆಟ ನಿಂತರೂ ಸಂಬಳ ನಿಲ್ಲುತ್ತಿರಲಿಲ್ಲ. ನಿವೃತ್ತಿಯ ನಂತರದ ಭದ್ರತೆಯೂ ಇತ್ತು. ಇಂತಹ ಆಟಗಾರನು ಮುಂದೆ ತನ್ನ ಕಾರ್ಖಾನೆಯ ತಂಡಕ್ಕೆ ಅಥವಾ ಬಡಾವಣೆಯ ಹುಡುಗರಿಗೆ ಆಟ ಕಲಿಸಿದರೆ ಅದು ಸೇವೆಯ ಒಂದು ಭಾಗ ಅಥವಾ ಸಂಜೆಯ ಹವ್ಯಾಸವಾಗುತ್ತಿತ್ತು. ತರಬೇತಿಯೇ ಹೊಟ್ಟೆಪಾಡಾಗಬೇಕಾದ ಪ್ರಸಂಗ ಅಪರೂಪವಾಗಿತ್ತು.

1990ರ ದಶಕದಲ್ಲಿ ಈ ವ್ಯವಸ್ಥೆ ಸಡಿಲಗೊಂಡಿತು. ಆರ್ಥಿಕ ಉದಾರೀಕರಣದ ನಂತರ ಸಾರ್ವಜನಿಕ ಉದ್ದಿಮೆಗಳಲ್ಲಿ ನೇಮಕಾತಿ ಕುಗ್ಗತೊಡಗಿತು. ಇತ್ತ 1996ರ ಡಿಸೆಂಬರಿನಲ್ಲಿ ರಾಷ್ಟ್ರೀಯ ಫುಟ್‌ಬಾಲ್ ಲೀಗ್ ಆರಂಭವಾಗಿ, ಕರಾರಿನ ಮೇಲೆ ಆಡುವ ಪೂರ್ಣಾವಧಿ ವೃತ್ತಿಪರ ಆಟಗಾರನ ಕಲ್ಪನೆ ಸ್ಥಿರಗೊಂಡಿತು. ಐಟಿಐ ಕೆಲವು ಋತುಗಳಲ್ಲಿ ಈ ಲೀಗಿನಲ್ಲಿ ಆಡಿತು. ಎಚ್‌ಎಎಲ್ ಅದರ ಉತ್ತರಾಧಿಕಾರಿಯಾದ ಐ-ಲೀಗ್‌ನಲ್ಲಿ 2010ರ ನಂತರ ಅಲ್ಪಕಾಲ ಕಾಣಿಸಿಕೊಂಡಿತು. ಆದರೆ ಹಣ, ಪ್ರೇಕ್ಷಕರು ಮತ್ತು ಪೈಪೋಟಿ ಇದ್ದುದು ಬಂಗಾಳ, ಗೋವಾ, ಪಂಜಾಬ್ ಹಾಗೂ ಕೇರಳಗಳಲ್ಲಿ. ಕಾರ್ಖಾನೆಯ ನೆರಳಿಗಿಂತ ಕರಾರಿನ ಬಿಸಿಲನ್ನು ಆರಿಸಿಕೊಂಡ ಮೊದಲ ತಲೆಮಾರಿನ ಕನ್ನಡನಾಡಿನ ಆಟಗಾರರಲ್ಲಿ ಚಾಪ್‌ಮನ್ ಪ್ರಮುಖರು.

ಬೆಂಗಳೂರಿನಿಂದ ಜಮ್‌ಶೆಡ್‌ಪುರಕ್ಕೆ

ಕಾರ್ಲ್‌ಟನ್ ಚಾಪ್‌ಮನ್ ಜನಿಸಿದುದು 1971ರ ಏಪ್ರಿಲ್ 13ರಂದು, ಬೆಂಗಳೂರಿನಲ್ಲಿ. 1980ರ ದಶಕದ ಮಧ್ಯಭಾಗದಲ್ಲಿ ಅವರು ಬೆಂಗಳೂರಿನ ಕ್ರೀಡಾ ವಸತಿ ನಿಲಯವನ್ನು ಸೇರಿ ಕ್ರಮಬದ್ಧ ತರಬೇತಿ ಪಡೆದರು. ಅನಂತರ ನಗರದ ಸದರ್ನ್ ಬ್ಲೂಸ್ ತಂಡಕ್ಕೆ ಆಡಿದರು. ಬಾಲಕನನ್ನು ಮನೆಯಿಂದ ತಂದು, ಊಟ, ವಸತಿ, ಶಾಲೆಗಳೊಡನೆ ಆಟವನ್ನೂ ಕಲಿಸುವ ವಸತಿ ನಿಲಯದ ಪದ್ಧತಿ ಆಗ ಇನ್ನೂ ಹೊಸದು. ಓಣಿಯಲ್ಲಿ ಕಲಿತ ಆಟಕ್ಕೂ ನಿಲಯದಲ್ಲಿ ಕಲಿತ ಆಟಕ್ಕೂ ವ್ಯತ್ಯಾಸವಿದೆ. ಓಣಿ ಚೆಂಡಿನೊಡನೆ ಚಮತ್ಕಾರವನ್ನು ಕಲಿಸುತ್ತದೆ. ನಿಲಯವು ಚೆಂಡಿಲ್ಲದ ವೇಳೆಯಲ್ಲಿ ಎಲ್ಲಿ ನಿಲ್ಲಬೇಕೆಂಬುದನ್ನು ಕಲಿಸುತ್ತದೆ. ಚಾಪ್‌ಮನ್ ಅವರ ಪೀಳಿಗೆಗೆ ಈ ಎರಡೂ ದೊರೆತವು.

1990ರಲ್ಲಿ ಅವರು ಜಮ್‌ಶೆಡ್‌ಪುರದ ಟಾಟಾ ಫುಟ್‌ಬಾಲ್ ಅಕಾಡೆಮಿಯನ್ನು ಸೇರಿದರು. ಟಾಟಾ ಉಕ್ಕಿನ ಕಂಪನಿಯು 1987ರಲ್ಲಿ ಸ್ಥಾಪಿಸಿದ ಈ ಅಕಾಡೆಮಿ ದೇಶದ ನಾನಾ ಭಾಗಗಳಿಂದ ಎಳೆಯ ಪ್ರತಿಭೆಗಳನ್ನು ಆಯ್ದು ಕೆಲವು ವರ್ಷಗಳ ಕಾಲ ಅಲ್ಲಿಯೇ ಇರಿಸಿಕೊಂಡು ತರಬೇತುಗೊಳಿಸುತ್ತಿತ್ತು. ದೈಹಿಕ ಸಾಮರ್ಥ್ಯ, ಆಹಾರ, ತಂತ್ರ ಹಾಗೂ ಪಂದ್ಯಾನುಭವಗಳನ್ನು ಒಂದೇ ವ್ಯವಸ್ಥೆಯೊಳಗೆ ಹೊಂದಿಸುವ ಇಂತಹ ಪ್ರಯತ್ನ ಭಾರತದಲ್ಲಿ ಅದಕ್ಕೆ ಹಿಂದೆ ವಿರಳವಾಗಿತ್ತು. ಚಾಪ್‌ಮನ್ 1993ರವರೆಗೆ ಅಲ್ಲಿದ್ದರು. ಈ ನಡುವೆ 1991ರಲ್ಲಿ ಅವರು ಭಾರತವನ್ನು ಪ್ರತಿನಿಧಿಸಿದರು. ಮುಂದೆ ಅವರು ಗುರುವಾಗಿ ಮರಳಿದುದೂ ಇದೇ ಅಕಾಡೆಮಿಗೆ. ಆದುದರಿಂದ ಅವರ ಬೋಧನೆಯ ಮೂಲವನ್ನು ಅರಸುವವರು ಈ ಮೂರು ವರ್ಷಗಳಿಗೆ ಹೆಚ್ಚಿನ ಮಹತ್ವ ನೀಡಬೇಕಾಗುತ್ತದೆ.

ಆಟದ ವರ್ಷಗಳು: 1993–2001

1993ರಲ್ಲಿ ಚಾಪ್‌ಮನ್ ಕಲ್ಕತ್ತೆಯ ಈಸ್ಟ್ ಬೆಂಗಾಲ್ ತಂಡವನ್ನು ಸೇರಿದರು. ಅಹಮದ್ ಖಾನರ ಕ್ಲಬ್ಬಿಗೆ ನಾಲ್ಕು ದಶಕಗಳ ತರುವಾಯ ಬೆಂಗಳೂರಿನ ಇನ್ನೊಬ್ಬ ಆಟಗಾರನ ಪ್ರವೇಶವಾದಂತಾಯಿತು. ಅದೇ ವರ್ಷ ಏಷ್ಯನ್ ಕಪ್ ವಿನ್ನರ್ಸ್ ಕಪ್ ಟೂರ್ನಿಯಲ್ಲಿ ಇರಾಕಿನ ಪ್ರಬಲ ತಂಡವಾದ ಅಲ್ ಜವ್ರಾ ವಿರುದ್ಧ ಈಸ್ಟ್ ಬೆಂಗಾಲ್ 6–2ರಿಂದ ಗೆದ್ದಿತು. ಆ ಪಂದ್ಯದಲ್ಲಿ ಚಾಪ್‌ಮನ್ ಮೂರು ಗೋಲುಗಳನ್ನು ಗಳಿಸಿದರು. ಮಧ್ಯಕ್ಷೇತ್ರದ ಆಟಗಾರನೊಬ್ಬ ಇಪ್ಪತ್ತೆರಡರ ವಯಸ್ಸಿನಲ್ಲಿ ಪಶ್ಚಿಮ ಏಷ್ಯದ ತಂಡದೆದುರು ಹ್ಯಾಟ್ರಿಕ್ ಸಾಧಿಸಿದುದು ಭಾರತೀಯ ಕ್ಲಬ್ ಫುಟ್‌ಬಾಲಿನ ಚರಿತ್ರೆಯಲ್ಲಿ ಅಪೂರ್ವ ಸಂಗತಿ. ಅವರ ಹೆಸರನ್ನು ಹೇಳಿದೊಡನೆ ಹಳೆಯ ಪ್ರೇಕ್ಷಕರಿಗೆ ಮೊದಲು ನೆನಪಾಗುವುದು ಈ ಪಂದ್ಯವೇ.

1995ರಿಂದ 1997ರವರೆಗೆ ಅವರು ಪಂಜಾಬಿನ ಫಗ್ವಾಡಾದ ಜೆಸಿಟಿ ತಂಡದಲ್ಲಿದ್ದರು. ಕೇರಳದ ಐ.ಎಂ. ವಿಜಯನ್, ಸಿಕ್ಕಿಮಿನ ಬೈಚುಂಗ್ ಭುಟಿಯಾ ಮತ್ತು ಕರ್ನಾಟಕದ ಚಾಪ್‌ಮನ್ ಪಂಜಾಬಿನ ಬಟ್ಟೆ ಗಿರಣಿಯೊಂದರ ತಂಡದಲ್ಲಿ ಜತೆಗೂಡಿದುದು ವೃತ್ತಿಪರ ಫುಟ್‌ಬಾಲ್ ತೆರೆದ ಹೊಸ ಭೂಪಟವನ್ನು ಸೂಚಿಸುತ್ತದೆ. 1996–97ರ ಪ್ರಥಮ ರಾಷ್ಟ್ರೀಯ ಲೀಗನ್ನು ಜೆಸಿಟಿ ಗೆದ್ದಿತು. 14 ಗೋಲು ಗಳಿಸಿದ ಭುಟಿಯಾ ಆ ಲೀಗಿನಲ್ಲಿ ಅತ್ಯಧಿಕ ಗೋಲು ಗಳಿಸಿದವರಾದರು. ಗೋಲುಗಳ ಪಟ್ಟಿ ಮುಂಚೂಣಿ ಆಟಗಾರರದು. ಚೆಂಡನ್ನು ಎದುರಾಳಿಯಿಂದ ಕಸಿದು, ಮೈದಾನದ ತೆರವಾದ ಭಾಗವನ್ನು ಗುರುತಿಸಿ, ಸರಿಯಾದ ಕ್ಷಣದಲ್ಲಿ ಮುಂದಕ್ಕೆ ರವಾನಿಸುವ ಮಧ್ಯಕ್ಷೇತ್ರದ ದುಡಿಮೆ ಯಾವ ಪಟ್ಟಿಯಲ್ಲಿಯೂ ಸೇರುವುದಿಲ್ಲ. ಚಾಪ್‌ಮನ್ ಅವರ ಬಹುಪಾಲು ಆಟ ಈ ಬಗೆಯದು.

1997ರಲ್ಲಿ ಅವರು ಅದೇ ವರ್ಷ ಹುಟ್ಟಿದ ಎಫ್‌ಸಿ ಕೊಚ್ಚಿನ್ ತಂಡಕ್ಕೆ ಹೋದರು. ಆ ತಂಡ ಮೊದಲ ವರ್ಷದಲ್ಲಿಯೇ ಡ್ಯುರಾಂಡ್ ಕಪ್ಪನ್ನು ಗೆದ್ದಿತು. ಕಠ್ಮಂಡುವಿನಲ್ಲಿ ನಡೆದ 1997ರ ದಕ್ಷಿಣ ಏಷ್ಯ ಫುಟ್‌ಬಾಲ್ ಚಾಂಪಿಯನ್‌ಷಿಪ್ ಅನ್ನು ಭಾರತ ಗೆದ್ದುದು ಚಾಪ್‌ಮನ್ ಅವರ ನಾಯಕತ್ವದಲ್ಲಿ. ಅಂತಿಮ ಪಂದ್ಯದಲ್ಲಿ ಮಾಲ್ಡೀವ್ಸ್ ತಂಡವನ್ನು ಭಾರತ 5–1ರಿಂದ ಸೋಲಿಸಿತು. 1998ರಲ್ಲಿ ಈಸ್ಟ್ ಬೆಂಗಾಲಿಗೆ ಮರಳಿದ ಅವರು ಮೂರು ಋತುಗಳ ಕಾಲ ಅಲ್ಲಿ ಆಡಿದರು. ಅವರ ನಾಯಕತ್ವದಲ್ಲಿ ಕ್ಲಬ್ಬು 2000–01ರ ರಾಷ್ಟ್ರೀಯ ಲೀಗನ್ನು ಗೆದ್ದಿತು. ಅದರೊಡನೆ ಅವರ ವೃತ್ತಿಪರ ಆಟದ ಬದುಕೂ ಮುಕ್ತಾಯವಾಯಿತು. ಆಗ ಅವರಿಗೆ ಮೂವತ್ತು ವರ್ಷ.

ಎಂಟು ವರ್ಷಗಳಲ್ಲಿ ಮೂರು ರಾಜ್ಯಗಳ ಮೂರು ಕ್ಲಬ್ಬುಗಳು ಚಾಪ್‌ಮನ್ ಅವರನ್ನು ಬಳಸಿಕೊಂಡವು. ಅವುಗಳಲ್ಲಿ ಕರ್ನಾಟಕದ್ದು ಒಂದೂ ಇರಲಿಲ್ಲ. 1968–69ರ ಗೆಲುವಿನ ಬಳಿಕ ಕರ್ನಾಟಕಕ್ಕೆ ಸಂತೋಷ್ ಟ್ರೋಫಿ ಮತ್ತೆ ದೊರೆಯಲು 2023ರವರೆಗೆ ಕಾಯಬೇಕಾಯಿತು. ಈ ದೀರ್ಘ ವಿರಾಮಕ್ಕೆ ಕಾರಣಗಳು ಹಲವು. ಉತ್ತಮ ಆಟಗಾರರು ಹೊರರಾಜ್ಯಗಳ ಕ್ಲಬ್ಬುಗಳಲ್ಲಿ ನೋಂದಾಯಿತರಾಗಿ ಅಲ್ಲಿಯೇ ಉಳಿದುದು ಅವುಗಳಲ್ಲಿ ಒಂದು.

ತರಬೇತುದಾರನಾಗಿ

2002ರಲ್ಲಿ ಚಾಪ್‌ಮನ್ ಟಾಟಾ ಫುಟ್‌ಬಾಲ್ ಅಕಾಡೆಮಿಯ ತರಬೇತುದಾರರಾದರು. ಹನ್ನೆರಡು ವರ್ಷಗಳ ಹಿಂದೆ ವಿದ್ಯಾರ್ಥಿಯಾಗಿ ಕಾಲಿಟ್ಟ ಮೈದಾನದಲ್ಲಿಯೇ ಅವರು ಗುರುವಾಗಿ ನಿಂತರು. ಅನಂತರ ಶಿಲ್ಲಾಂಗಿನ ರಾಯಲ್ ವಾಹಿಂಗ್‌ಡೊ, ಕೋಲ್ಕತ್ತದ ಭವಾನಿಪುರ, ಬೆಂಗಳೂರಿನ ಸ್ಟೂಡೆಂಟ್ಸ್ ಯೂನಿಯನ್ ತಂಡಗಳಿಗೆ ತರಬೇತಿ ನೀಡಿದರು. 2017ರ ಕೊನೆಯಲ್ಲಿ ಕೋಯಿಕ್ಕೋಡಿನ ಕ್ವಾರ್ಟ್ಸ್ ಸಂಸ್ಥೆಯಲ್ಲಿ ತಾಂತ್ರಿಕ ನಿರ್ದೇಶಕರಾದರು. 2020ರ ಅಕ್ಟೋಬರ್ 12ರಂದು ಬೆಂಗಳೂರಿನಲ್ಲಿ ಹೃದಯಾಘಾತದಿಂದ ನಿಧನರಾದಾಗ ಅವರಿಗೆ 49 ವರ್ಷ.

ಈ ಪಟ್ಟಿಯನ್ನು ಆಟದ ವರ್ಷಗಳ ಪಟ್ಟಿಯೊಡನೆ ಹೋಲಿಸಿದಾಗ ಎರಡು ಅಂಶಗಳು ಸ್ಪಷ್ಟವಾಗುತ್ತವೆ. ಮೊದಲನೆಯದು, ಸ್ಥಳಾಂತರದ ಮುಂದುವರಿಕೆ. ಆಟಗಾರನಾಗಿ ಕೋಲ್ಕತ್ತ, ಫಗ್ವಾಡಾ, ಕೊಚ್ಚಿಗಳಲ್ಲಿ ಬಾಳಿದವರು ಗುರುವಾಗಿ ಜಮ್‌ಶೆಡ್‌ಪುರ, ಶಿಲ್ಲಾಂಗ್, ಕೋಲ್ಕತ್ತ, ಕೋಯಿಕ್ಕೋಡುಗಳಲ್ಲಿ ಬಾಳಿದರು. ಈ ಪಟ್ಟಿಯಲ್ಲಿ ತವರಿನದು ಒಂದೇ ತಂಡ. ಎರಡನೆಯದು, ಹಂತದ ವ್ಯತ್ಯಾಸ. ಆಟಗಾರನಾಗಿ ಅವರು ದೇಶದ ಅಗ್ರ ತಂಡಗಳಲ್ಲಿದ್ದರು. ತರಬೇತುದಾರನಾಗಿ ಹೆಚ್ಚಾಗಿ ಎಳೆಯರ ಅಕಾಡೆಮಿಗಳಲ್ಲಿ ಮತ್ತು ಮೇಲೇರಲು ಹೆಣಗುತ್ತಿದ್ದ ತಂಡಗಳಲ್ಲಿ ದುಡಿದರು. ಭಾರತದ ಅಗ್ರ ಕ್ಲಬ್ಬುಗಳು 2000ದ ನಂತರ ವಿದೇಶೀ ತರಬೇತುದಾರರತ್ತ ಹೆಚ್ಚು ವಾಲಿದುದೂ, ಏಷ್ಯನ್ ಒಕ್ಕೂಟದ ನಿಯಮಗಳಂತೆ ಪ್ರಮಾಣಪತ್ರಗಳ ಶ್ರೇಣಿ ಕಡ್ಡಾಯವಾಗುತ್ತ ಬಂದುದೂ ಈ ತಲೆಮಾರಿನ ಭಾರತೀಯ ಆಟಗಾರರ ಅವಕಾಶಗಳನ್ನು ನಿರ್ಧರಿಸಿದವು. ಮೈದಾನದಲ್ಲಿ ಗಳಿಸಿದ ಕೀರ್ತಿಯೊಂದೇ ಆಗ ಸಾಕಾಗುತ್ತಿರಲಿಲ್ಲ.

ಹಾಗೆಂದು ಈ ದುಡಿಮೆಯನ್ನು ಕೆಳದರ್ಜೆಯದೆಂದು ಭಾವಿಸುವುದು ತಪ್ಪಾದೀತು. ಅಗ್ರ ತಂಡದ ತರಬೇತುದಾರನ ಕೈಗೆ ಬರುವವರು ಸಿದ್ಧಗೊಂಡ ಆಟಗಾರರು. ಯಾರನ್ನು ಆಡಿಸಬೇಕು, ಹೇಗೆ ನಿಲ್ಲಿಸಬೇಕು ಎಂಬುದು ಆತನ ಮುಖ್ಯ ಚಿಂತೆ. ಅಕಾಡೆಮಿಯ ಗುರುವಿನ ಕೈಗೆ ಬರುವವನು ಹದಿಹರೆಯದ ಹುಡುಗ. ಚೆಂಡು ಬರುವ ಮುನ್ನವೇ ತಲೆಯೆತ್ತಿ ಸುತ್ತಲೂ ನೋಡುವುದು, ಮೊದಲ ಸ್ಪರ್ಶದಲ್ಲಿಯೇ ಚೆಂಡನ್ನು ಮುಂದಿನ ಚಲನೆಯ ದಿಕ್ಕಿಗೆ ತಿರುಗಿಸುವುದು, ಎರಡೂ ಪಾದಗಳನ್ನು ಬಳಸುವುದು, ಸೋತ ದಿನ ಮರುದಿನದ ಅಭ್ಯಾಸಕ್ಕೆ ಹೊತ್ತಿಗೆ ಸರಿಯಾಗಿ ಬರುವುದು, ಇವು ಆ ವಯಸ್ಸಿನಲ್ಲಿ ಕಲಿಯಬೇಕಾದವು. ಇಪ್ಪತ್ತೈದರ ನಂತರ ಇವುಗಳನ್ನು ಕಲಿಸುವುದು ದುಸ್ಸಾಧ್ಯ. ಇಡೀ ಮೈದಾನವನ್ನು ಏಕಕಾಲಕ್ಕೆ ಗಮನದಲ್ಲಿರಿಸಿಕೊಳ್ಳಬೇಕಾದ ಮಧ್ಯಕ್ಷೇತ್ರದ ಆಟಗಾರನಿಗೆ ಈ ಪಾಠಗಳು ಸ್ವಾನುಭವದಿಂದ ಬಂದಿರುತ್ತವೆ. ಪ್ರಪಂಚದ ಅನೇಕ ಹೆಸರಾಂತ ತರಬೇತುದಾರರು ಮಧ್ಯಕ್ಷೇತ್ರದಿಂದ ಬಂದವರೆಂಬುದು ಆಕಸ್ಮಿಕವಲ್ಲ.

ರಾಯಲ್ ವಾಹಿಂಗ್‌ಡೊ ತಂಡದ ಚರಿತ್ರೆ ಈ ಸಂದರ್ಭದಲ್ಲಿ ಉಲ್ಲೇಖನೀಯ. ಮೇಘಾಲಯದ ಈ ತಂಡ ಸ್ಥಳೀಯ ಲೀಗಿನಿಂದ ಬೆಳೆದು, ಐ-ಲೀಗ್‌ನ ಎರಡನೆಯ ದರ್ಜೆಯನ್ನು ದಾಟಿ, 2014–15ರ ಐ-ಲೀಗ್‌ನಲ್ಲಿ ಮೂರನೆಯ ಸ್ಥಾನ ಪಡೆಯಿತು. ಆ ವೇಳೆಗೆ ಚಾಪ್‌ಮನ್ ಅಲ್ಲಿರಲಿಲ್ಲ. ಆ ಸಾಧನೆಯ ಶ್ರೇಯಸ್ಸನ್ನು ಅವರಿಗೇ ಸಲ್ಲಿಸುವುದು ನ್ಯಾಯವಾಗದು. ಆದರೆ ತಂಡವೊಂದು ಮೇಲೇರುವುದು ಒಂದೇ ಋತುವಿನ ಕೆಲಸವಲ್ಲ. ಅದರ ಹಿಂದೆ ಹಲವು ವರ್ಷಗಳ, ಹಲವು ಗುರುಗಳ ದುಡಿಮೆ ಇರುತ್ತದೆ. ದಾಖಲೆಯಲ್ಲಿ ಗೆದ್ದ ವರ್ಷದವನ ಹೆಸರು ಉಳಿಯುತ್ತದೆ, ಬುನಾದಿ ಹಾಕಿದ ವರ್ಷಗಳವರ ಹೆಸರು ಅಡಿಟಿಪ್ಪಣಿಯಾಗುತ್ತದೆ. ತರಬೇತುದಾರನ ಚರಿತ್ರೆಯನ್ನು ಬರೆಯುವಲ್ಲಿ ಎದುರಾಗುವ ಮೂಲಭೂತ ತೊಡಕು ಇದು.

ಅಳಿದ ಸಂಸ್ಥೆಗಳು, ಅಳಿದ ದಾಖಲೆಗಳು

ಇನ್ನೊಂದು ತೊಡಕು ಇದಕ್ಕಿಂತ ಗಂಭೀರವಾದುದು. ಚಾಪ್‌ಮನ್ ಆಡಿದ, ಕಲಿಸಿದ ಸಂಸ್ಥೆಗಳಲ್ಲಿ ಹಲವು ಬಹುಕಾಲ ಬಾಳಲಿಲ್ಲ. ಎಫ್‌ಸಿ ಕೊಚ್ಚಿನ್ ಕೆಲವೇ ವರ್ಷಗಳಲ್ಲಿ ಆರ್ಥಿಕ ಸಂಕಷ್ಟಕ್ಕೆ ಸಿಲುಕಿ ಮರೆಯಾಯಿತು. ಜೆಸಿಟಿ ತನ್ನ ತಂಡವನ್ನು 2011ರಲ್ಲಿ ವಿಸರ್ಜಿಸಿತು. ರಾಯಲ್ ವಾಹಿಂಗ್‌ಡೊ ಮೂರನೆಯ ಸ್ಥಾನ ಗಳಿಸಿದ ಋತುವಿನ ನಂತರ ಐ-ಲೀಗ್‌ನಿಂದ ಹಿಂದೆ ಸರಿಯಿತು. ಜೆಸಿಟಿ ಮೊದಲು ಗೆದ್ದ ರಾಷ್ಟ್ರೀಯ ಲೀಗ್ 2007ರಲ್ಲಿ ಕೊನೆಗೊಂಡು ಐ-ಲೀಗ್‌ಗೆ ಎಡೆಮಾಡಿಕೊಟ್ಟಿತು. ಸಂಸ್ಥೆ ಅಳಿದಾಗ ಅದರ ಹಾಜರಿ ಪುಸ್ತಕ, ತರಬೇತಿಯ ದಿನಚರಿ, ಆಟಗಾರರ ಆಯ್ಕೆಯ ಟಿಪ್ಪಣಿ, ಛಾಯಾಚಿತ್ರಗಳು ಚದುರಿಹೋಗುವ ಸಂಭವ ಹೆಚ್ಚು. ಪತ್ರಿಕೆಗಳಲ್ಲಿ ಅಚ್ಚಾದ ಪಂದ್ಯದ ಫಲಿತಾಂಶ ಉಳಿಯುತ್ತದೆ. ಪಂದ್ಯದ ಹಿಂದಿನ ಆರು ದಿನಗಳ ಅಭ್ಯಾಸಕ್ಕೆ ಬೇರೆ ಸಾಕ್ಷಿಯಿಲ್ಲ.

ಸಾರ್ವಜನಿಕ ಉದ್ದಿಮೆಯ ಆಟಗಾರನ ವಿಷಯದಲ್ಲಿ ಕನಿಷ್ಠಪಕ್ಷ ಸೇವಾ ಪುಸ್ತಕವೊಂದು ಇರುತ್ತದೆ. ಕರಾರಿನ ಆಟಗಾರನಿಗೂ ಕರಾರಿನ ಗುರುವಿಗೂ ಅದು ಇಲ್ಲ. ಕಾರ್ಖಾನೆಯ ಆಶ್ರಯ ಬಿಟ್ಟು ಬಂದ ತಲೆಮಾರು ಜೀವನ ಭದ್ರತೆಯೊಡನೆ ದಾಖಲೆಯ ಭದ್ರತೆಯನ್ನೂ ಕಳೆದುಕೊಂಡಿತು. ವೃತ್ತಿಪರತೆಯ ಚರ್ಚೆಗಳಲ್ಲಿ ಸಂಭಾವನೆಯ ಹೆಚ್ಚಳವನ್ನು ಎತ್ತಿ ಹೇಳುವುದು ವಾಡಿಕೆಯಾಗಿದೆ. ಈ ಎರಡು ನಷ್ಟಗಳು ಅಲ್ಲಿ ಗಣನೆಗೆ ಬರುವುದಿಲ್ಲ.

ಮೌಖಿಕ ಚರಿತ್ರೆಯ ವಿಧಾನಕ್ಕೆ ಇಲ್ಲಿ ವಿಶೇಷ ಸ್ಥಾನವಿದೆ. ವೀರಗಲ್ಲುಗಳ ಅಧ್ಯಯನದಲ್ಲಿ, ಜನಪದ ಕಲಾವಿದರ ಅಧ್ಯಯನದಲ್ಲಿ ಕರ್ನಾಟಕದ ವಿದ್ವಾಂಸರು ಕ್ಷೇತ್ರಕಾರ್ಯದ ಬಲವಾದ ಸಂಪ್ರದಾಯವನ್ನು ಬೆಳೆಸಿದ್ದಾರೆ. ಅದೇ ಶ್ರದ್ಧೆಯಿಂದ ಹಲಸೂರು, ಗೌತಮಪುರ, ಆಸ್ಟಿನ್ ಟೌನ್‌ಗಳ ಹಿರಿಯ ಆಟಗಾರರ, ತೀರ್ಪುಗಾರರ, ಬಡಾವಣೆಯ ಗುರುಗಳ ಮಾತುಗಳನ್ನು ಸಂಗ್ರಹಿಸಬಹುದು. ಯಾರು ಯಾರಿಗೆ ಕಲಿಸಿದರೆಂಬ ವಂಶಾವಳಿಯನ್ನು ಸಿದ್ಧಪಡಿಸಬಹುದು. ಜಮ್‌ಶೆಡ್‌ಪುರ ಮತ್ತು ಶಿಲ್ಲಾಂಗಿನಲ್ಲಿ ಚಾಪ್‌ಮನ್ ಅವರಿಂದ ಕಲಿತವರು ಇಂದು ನಡುವಯಸ್ಸಿನವರು ಅಥವಾ ಅದಕ್ಕಿಂತ ಕಿರಿಯರು. ಅವರ ಸ್ಮರಣೆಯಿಂದ ಗುರುವಿನ ಬೋಧನಾಕ್ರಮವನ್ನು ಪುನಾರಚಿಸಲು ಇನ್ನೂ ಅವಕಾಶವಿದೆ. 1937ರ ಬೆಂಗಳೂರು ಮುಸ್ಲಿಮ್ಸ್ ತಂಡದ ವಿಷಯದಲ್ಲಿ ಆ ಅವಕಾಶ ಈಗ ಉಳಿದಿಲ್ಲ.

ಬದಲಾದ ನಗರ

ಚಾಪ್‌ಮನ್ ಆಟ ನಿಲ್ಲಿಸಿದ ಒಂದು ದಶಕದ ನಂತರ ಬೆಂಗಳೂರಿನ ಫುಟ್‌ಬಾಲ್ ಸನ್ನಿವೇಶ ಮಾರ್ಪಟ್ಟಿತು. 2013ರಲ್ಲಿ ಸ್ಥಾಪಿತವಾದ ಬೆಂಗಳೂರು ಎಫ್‌ಸಿ ತನ್ನ ಮೊದಲ ಋತುವಿನಲ್ಲಿಯೇ ಐ-ಲೀಗ್ ಗೆದ್ದಿತು. 2015–16ರಲ್ಲಿ ಅದನ್ನು ಮತ್ತೆ ಗೆದ್ದು, 2016ರಲ್ಲಿ ಎಎಫ್‌ಸಿ ಕಪ್ಪಿನ ಅಂತಿಮ ಪಂದ್ಯವನ್ನು ತಲುಪಿತು. 2018–19ರಲ್ಲಿ ಇಂಡಿಯನ್ ಸೂಪರ್ ಲೀಗ್ ಪ್ರಶಸ್ತಿಯನ್ನು ಪಡೆಯಿತು. ಅಹಮದ್ ಖಾನರಿಗೂ ಚಾಪ್‌ಮನ್ ಅವರಿಗೂ ಇಲ್ಲದಿದ್ದ ಅನುಕೂಲ, ಎಂದರೆ ತವರಿನಲ್ಲಿಯೇ ದೇಶದ ಅಗ್ರ ತಂಡಕ್ಕೆ ಆಡುವ ಅವಕಾಶ, ಹೊಸ ತಲೆಮಾರಿಗೆ ದೊರೆಯಿತು. 2023ರ ಮಾರ್ಚ್ 4ರಂದು ಸೌದಿ ಅರೇಬಿಯದ ರಿಯಾದ್‌ನಲ್ಲಿ ಮೇಘಾಲಯವನ್ನು 3–2ರಿಂದ ಸೋಲಿಸಿ ಕರ್ನಾಟಕವು ಸಂತೋಷ್ ಟ್ರೋಫಿಯನ್ನು 54 ವರ್ಷಗಳ ಬಳಿಕ ಮರಳಿ ಪಡೆಯಿತು.

ಆಟದ ಸ್ವರೂಪದಲ್ಲಿಯೂ ಬದಲಾವಣೆಯಾಗಿದೆ. ಬಯಲುಗಳು ಕಿರಿದಾದ ನಗರದಲ್ಲಿ ಕೃತಕ ಹುಲ್ಲು ಹಾಸಿದ, ಬಲೆಯಿಂದ ಸುತ್ತುವರಿದ ಸಣ್ಣ ಅಂಗಳಗಳು ಹೆಚ್ಚಿವೆ. ಅಲ್ಲಿ ಗಂಟೆಗಿಷ್ಟು ಬಾಡಿಗೆಯ ಲೆಕ್ಕದಲ್ಲಿ ಆಟ ನಡೆಯುತ್ತದೆ. ತಲಾ ಐವರು ಆಡುವ ಒಳಾಂಗಣ ಫುಟ್‌ಬಾಲ್, ಅಂದರೆ ಫುಟ್ಸಾಲ್, 1930ರ ಸುಮಾರಿಗೆ ಉರುಗ್ವೆಯ ಮಾಂಟೆವಿಡಿಯೊದಲ್ಲಿ ಇಕ್ಕಟ್ಟಾದ ಅಂಗಳಗಳಿಗೆಂದೇ ರೂಪುಗೊಂಡ ಆಟ. ಅದರ ರಾಷ್ಟ್ರೀಯ ಕ್ಲಬ್ ಚಾಂಪಿಯನ್‌ಷಿಪ್ ಭಾರತದಲ್ಲಿ 2021ರಲ್ಲಿ ಆರಂಭವಾಯಿತು. ಇಕ್ಕಟ್ಟಿನಲ್ಲಿ ಚೆಂಡನ್ನು ಹಿಡಿತದಲ್ಲಿರಿಸಿಕೊಳ್ಳುವ ಕೌಶಲವನ್ನು ದಂಡು ಪ್ರದೇಶದ ಓಣಿಗಳು ಮೊದಲಿನಿಂದಲೂ ಕಲಿಸುತ್ತ ಬಂದಿದ್ದವು. ವ್ಯತ್ಯಾಸವಿಷ್ಟೆ: ಓಣಿಯ ಆಟಕ್ಕೆ ಬಾಡಿಗೆ ಇರಲಿಲ್ಲ. ಈ ಅಂಗಳಗಳು ಮಾಜಿ ಆಟಗಾರರಿಗೆ ತರಬೇತುದಾರರಾಗಿ ದುಡಿಯುವ ಹೊಸ ಅವಕಾಶಗಳನ್ನು ಒದಗಿಸಿವೆ. ಅದರೊಡನೆ, ಶುಲ್ಕ ತೆರಲಾಗದ ಮನೆಗಳ ಮಕ್ಕಳು ಆಟದಿಂದ ದೂರವಾಗುವ ಆತಂಕವನ್ನೂ ತಂದಿವೆ. ರಾಮನ್, ಅಹಮದ್ ಖಾನ್, ಅರುಮೈನಾಯಗಂ ಇವರನ್ನು ನಾಡಿಗೆ ನೀಡಿದ ಆಟದ ಪರಂಪರೆ ಬೆಳೆದುದು ದುಡಿಯುವ ಜನರ ಬಡಾವಣೆಗಳಲ್ಲಿ ಎಂಬುದನ್ನು ಮರೆಯಲಾಗದು.

ಉಪಸಂಹಾರ

ಬೆಂಗಳೂರಿನ ಫುಟ್‌ಬಾಲ್ ಚರಿತ್ರೆಯನ್ನು ಸ್ಥೂಲವಾಗಿ ಮೂರು ಘಟ್ಟಗಳಾಗಿ ಗುರುತಿಸಬಹುದು. ದಂಡು ಪ್ರದೇಶದ ಬಡಾವಣೆಗಳಲ್ಲಿ ಹುಟ್ಟಿದ ಆಟ ಕಲ್ಕತ್ತೆಗೆ ಆಟಗಾರರನ್ನು ಕಳುಹಿಸಿದ ಘಟ್ಟ, ಸಾರ್ವಜನಿಕ ಉದ್ದಿಮೆಗಳು ಆಟಗಾರರನ್ನು ಪೋಷಿಸಿದ ಘಟ್ಟ, ಮತ್ತು ಕರಾರಿನ ವೃತ್ತಿಪರತೆಯ ಘಟ್ಟ. ಕಾರ್ಲ್‌ಟನ್ ಚಾಪ್‌ಮನ್ ಎರಡನೆಯದು ಕ್ಷೀಣಿಸುತ್ತಿದ್ದಾಗ, ಮೂರನೆಯದು ಬಲಗೊಳ್ಳುವ ಮುನ್ನ ಬಂದವರು. ಆಟಗಾರನಾಗಿ ಅವರಿಗೆ ಕೀರ್ತಿ ದೊರೆಯಿತು. ಆದರೆ ಅದು ದೊರೆತುದು ತವರಿನಿಂದ ದೂರದಲ್ಲಿ. ಗುರುವಾಗಿ ಅವರು ಕಲಿತುದನ್ನು ಮರಳಿ ಕೊಟ್ಟರು. ಅದರ ಬಹುಪಾಲು ಸಂದುದೂ ಹೊರನಾಡಿನ ಹುಡುಗರಿಗೆ. ಇದರಿಂದ ಆಟಕ್ಕೆ ನಷ್ಟವಾಗಲಿಲ್ಲ. ವಿದ್ಯೆ ಎಲ್ಲಿ ಬಿದ್ದರೂ ಬೆಳೆಯುತ್ತದೆ. ನಷ್ಟವಾದುದು ಕರ್ನಾಟಕಕ್ಕೆ ಮತ್ತು ಅದರ ಚರಿತ್ರೆಗೆ.

ಅಲ್ ಜವ್ರಾ ವಿರುದ್ಧದ ಮೂರು ಗೋಲುಗಳನ್ನು ನೆನೆಯುವವರು ಇನ್ನೂ ಇದ್ದಾರೆ. 2002ರ ನಂತರ ಅವರ ಮುಂದೆ ಸಾಲಾಗಿ ನಿಂತು ಪಾಠ ಕಲಿತ ಹುಡುಗರು ಎಷ್ಟು ಮಂದಿ, ಅವರಲ್ಲಿ ಯಾರು ಎಲ್ಲಿಗೆ ತಲುಪಿದರು, ಯಾರು ಮತ್ತೆ ಗುರುಗಳಾದರು ಎಂಬುದನ್ನು ಕ್ರೋಡೀಕರಿಸುವ ಕೆಲಸ ನಾಡಿನ ಸಂಶೋಧಕರ ಮುಂದಿದೆ. ಜಿನಾಲಯದ ದತ್ತಿಯೊಡನೆ ಗುರುಪರಂಪರೆಯನ್ನೂ ಬರೆಸಿದ ಆಡೂರಿನ ಶಾಸನಕಾರರಿಗೆ ತೋರಿದ ಅವಶ್ಯಕತೆ ಇಂದಿನ ಕ್ರೀಡಾಚರಿತ್ರಕಾರರಿಗೂ ತೋರಬೇಕಾಗಿದೆ. ಆಗ ಮಾತ್ರ ಆಟಗಾರನೊಬ್ಬನ ಬದುಕಿನ ಉತ್ತರಾರ್ಧವು ಪೂರ್ವಾರ್ಧದಷ್ಟೇ ಸ್ಪಷ್ಟವಾಗಿ ಓದುಗರಿಗೆ ದೊರೆಯುವುದು ಸಾಧ್ಯ.